ತಡೆಯಾಜ್ಞೆ ಸಿಕ್ಕರೆ ಸಾಲ ತೀರಿತೇ?

ತಾವರಗೇರಾದಲ್ಲಿ ಒಂದು ಶುಕ್ರವಾರ ಜುಮಾ ನಮಾಝಿನ ಬಳಿಕ ಹಿರಿಯರೊಬ್ಬರು ಬ್ಯಾಂಕಿನ ನೋಟೀಸನ್ನು ನನ್ನ ಕೈಗಿತ್ತರು. ಅಂಗಡಿಗಾಗಿ ಮನೆ ಅಡವಿಟ್ಟು ತಂದ ಸಾಲ. ವ್ಯಾಪಾರ ಕೈಕೊಟ್ಟು ಕಂತು ನಿಂತಿತ್ತು. "ಕೋರ್ಟಿಗೆ ಹಾಕಿದ್ರ ಹತ್ತು ವರ್ಷ ಎಳೀಬಹುದು ಅಂತಾರ. ಹೆಂಗೂ ಬಡ್ಡಿ ವ್ಯವಹಾರ ಹರಾಮ್. ಮುಳುಗಿಸಿದ್ರ ತಪ್ಪೇನ್ರಿ ಹಜರತ್?" ಎಂದರು.

ಪ್ರಿಯ ಓದುಗರೇ, ಈ ಪ್ರಶ್ನೆಯನ್ನು ನಿಮ್ಮ ಮನಸ್ಸೂ ಕೇಳಿರಬಹುದು. ಬಡ್ಡಿ ನಿಷಿದ್ಧವೆಂಬುದರಲ್ಲಿ ಎರಡು ಮಾತಿಲ್ಲ. ಆದರೆ ಪಡೆದ ಅಸಲು ಪರರ ಹಕ್ಕು, ಠೇವಣಿ ಇಟ್ಟವರ ಹಣ. ಸಹಿ ಹಾಕುವಾಗ ನೆನಪಾಗದ ಹರಾಮ್ ಕಂತು ಕಟ್ಟುವಾಗ ಮಾತ್ರ ನೆನಪಾಗುವುದೇಕೆ?

ಹಾಗೆಂದು ನ್ಯಾಯಾಲಯದ ಮೆಟ್ಟಿಲು ಹತ್ತುವುದೇ ಪಾಪವೆಂದು ನಾನು ಹೇಳುತ್ತಿಲ್ಲ. 2002ರ ಸರ್ಫೇಸಿ ಕಾಯ್ದೆಯಂತೆ ಬ್ಯಾಂಕು ಮೊಕದ್ದಮೆ ಹೂಡದೆಯೇ ಅಡವಿನ ಆಸ್ತಿಯನ್ನು ವಶಪಡಿಸಿಕೊಳ್ಳಬಹುದು. ಆದರೆ ಮೊದಲು 60 ದಿನಗಳ ನೋಟೀಸು ಕೊಡಬೇಕು. ಸಾಲಗಾರನ ಆಕ್ಷೇಪವನ್ನು ಒಪ್ಪದಿದ್ದರೆ 15 ದಿನಗಳೊಳಗೆ ಕಾರಣ ತಿಳಿಸಬೇಕು. ಕೃಷಿ ಜಮೀನಿಗೆ ಈ ಕಾಯ್ದೆ ಅನ್ವಯಿಸದು. ಇವನ್ನು ಮೀರಿ ವಶಕ್ಕೆ ಬಂದರೆ 45 ದಿನಗಳೊಳಗೆ ಸಾಲ ವಸೂಲಾತಿ ನ್ಯಾಯಮಂಡಳಿಗೆ ಹೋಗಬಹುದು. ಅದಿರುವುದು ದೂರದ ಬೆಂಗಳೂರಿನಲ್ಲಿ. ಕುಷ್ಟಗಿಯ ಸಿವಿಲ್ ನ್ಯಾಯಾಲಯ ಇದನ್ನು ವಿಚಾರಿಸುವಂತಿಲ್ಲ. ಅಲ್ಲಿ ದೂರಲು ಬಾಕಿಯ ಶೇ. 75ನ್ನು ಮೊದಲೇ ಠೇವಣಿ ಇಡಬೇಕೆಂಬ ನಿಯಮವೊಂದಿತ್ತು. ಮಾರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ 2004ರಲ್ಲಿ ಸುಪ್ರೀಂ ಕೋರ್ಟು ಅದನ್ನು ರದ್ದುಗೊಳಿಸಿತು. ಅನ್ಯಾಯಕ್ಕೊಳಗಾದವನು ಆ ಬಾಗಿಲನ್ನು ಧಾರಾಳವಾಗಿ ತಟ್ಟಲಿ.

ಶಕ್ತಿಯಿದ್ದೂ ದಿನ ದೂಡಲೆಂದೇ ತಟ್ಟುವವನ ಮಾತು ಬೇರೆ. ಉಳ್ಳವನು ಸಾಲ ತೀರಿಸದೆ ಸತಾಯಿಸುವುದನ್ನು ಪ್ರವಾದಿ(ಸ) ಅಕ್ರಮವೆಂದಿರುವರು. ವಾಕ್ಚಾತುರ್ಯದಿಂದ ಸ್ವತಃ ತಮ್ಮಿಂದಲೇ ತೀರ್ಪು ಪಡೆದವನಿಗೂ ಪರರ ಹಕ್ಕು ಬೆಂಕಿಯ ತುಂಡೆಂದು ಎಚ್ಚರಿಸಿರುವರು. ಪ್ರವಾದಿಯವರ(ಸ) ತೀರ್ಪೇ ಹಲಾಲ್ ಮಾಡದ್ದನ್ನು ವಕೀಲರು ತಂದ ತಡೆಯಾಜ್ಞೆ ಮಾಡೀತೇ?

ಮದೀನಾದ ಮಸೀದಿಯಲ್ಲಿ ಕಅಬ್ ಬಿನ್ ಮಾಲಿಕ್(ರ) ತಮ್ಮ ಸಾಲವನ್ನು ಇಬ್ನು ಅಬೀ ಹದ್ರದ್‌(ರ)ರಲ್ಲಿ ಕೇಳುವಾಗ ಇಬ್ಬರ ದನಿಯೂ ಏರಿತು. ಪ್ರವಾದಿ(ಸ) ಕೋಣೆಯ ಪರದೆ ಸರಿಸಿ, ಅರ್ಧ ಬಿಟ್ಟುಕೊಡುವಂತೆ ಕಅಬ್‌ರಿಗೆ ಸನ್ನೆ ಮಾಡಿದರು. ಅವರು ಒಪ್ಪಿದೊಡನೆ, ಎದ್ದು ಉಳಿದುದನ್ನು ತೀರಿಸುವಂತೆ ಸಾಲಗಾರನಿಗೆ ಆಜ್ಞಾಪಿಸಿದರು. ಅರ್ಧ ಮನ್ನಾ ಆದುದನ್ನು ನಾವು ಚೆನ್ನಾಗಿ ನೆನಪಿಡುತ್ತೇವೆ. ಆ ಎರಡನೆಯ ಆಜ್ಞೆಯನ್ನು ಮರೆಯುತ್ತೇವೆ.

ಬ್ಯಾಂಕುಗಳ ಒನ್ ಟೈಮ್ ಸೆಟ್ಲ್‌ಮೆಂಟ್ ಕೂಡ ಹೆಚ್ಚುಕಡಿಮೆ ಹೀಗೆಯೇ. ಸ್ವಲ್ಪ ಬಿಡುತ್ತಾರೆ, ಉಳಿದುದನ್ನು ಗಡುವಿನೊಳಗೆ ಕಟ್ಟಬೇಕು. ಅದು ಸಾಲಗಾರನ ಹಕ್ಕಲ್ಲವೆಂದು ಸುಪ್ರೀಂ ಕೋರ್ಟು 2021ರಲ್ಲಿ ಹೇಳಿದೆ, ಕೇಳಿಕೊಳ್ಳಬೇಕಷ್ಟೆ. ಅದೂ ಹರಾಜಿನ ಪ್ರಕಟಣೆಗೆ ಮುಂಚೆ. ಆ ಬಳಿಕ ಪೂರ್ತಿ ಕಟ್ಟಿ ಬಿಡಿಸಿಕೊಳ್ಳುವ ಹಕ್ಕೂ ಉಳಿಯದೆಂದು 2023ರ ತೀರ್ಪಿದೆ. ಲೋಕ ಅದಾಲತ್‌ನಲ್ಲಿ ರಾಜಿಯಾದರೆ ಅದು ಡಿಕ್ರಿಗೆ ಸಮ, ಮೇಲ್ಮನವಿಯಿಲ್ಲ. ಇನ್ನು, ಕಷ್ಟದಲ್ಲಿರುವ ಸಾಲಗಾರನಿಗೆ ಕಾಲಾವಕಾಶ ಕೊಡಬೇಕೆಂಬ ಅಲ್‌ಬಕರಾ ಅಧ್ಯಾಯದ ಆದೇಶ ಕೊಟ್ಟವರ ಕಿವಿಗೂ ಬೀಳಬೇಕಾದುದೇ.

ಹಿರಿಯರಿಗೆ ನಾನೇ ಮ್ಯಾನೇಜರರ ಹೆಸರಿಗೆ ಅರ್ಜಿ ಬರೆದುಕೊಟ್ಟೆ. ಅಸಲು ಕಟ್ಟುವೆವು, ಬಡ್ಡಿ ಬಿಡಿ ಎಂದು ಒಕ್ಕಣೆ. ಯಾವ ತಾರೀಖಿನೊಳಗೆ ಎಂಬ ಜಾಗವನ್ನು ಖಾಲಿ ಬಿಟ್ಟೆ. ಮಗನೊಡನೆ ಕೂತು ಲೆಕ್ಕ ಹಾಕಿ ರಾತ್ರಿ ಬರುವೆನೆಂದು ಹೋದವರು ಅಸರ್‌ಗೆ ಮೊದಲೇ ಬಂದರು.