ನಳದ ನೀರೂ ನೆರೆಯವನ ಪಾಲೂ

ಮನೆಯೊಳಗಿನ ಸುಖಕ್ಕಾಗಿ ಮನುಷ್ಯನು ಮಾಡಿಕೊಳ್ಳುವ ಏರ್ಪಾಡು ಎಲ್ಲಿಯವರೆಗೆ ಅವನ ಸ್ವಂತದ್ದು, ಎಲ್ಲಿಂದ ಮುಂದೆ ಅದು ನೆರೆಯವನ ವಿಚಾರವೂ ಆಗುತ್ತದೆ ಎಂಬ ಪ್ರಶ್ನೆಯು ಬಹು ಹಳೆಯದು. ಹಾನಗಲ್ಲ, ಶಿಗ್ಗಾಂವಿ, ಸವಣೂರು, ಹಿರೇಕೆರೂರುಗಳಂಥ ಊರುಗಳಲ್ಲಿ ತುಸು ಅನುಕೂಲವುಳ್ಳ ಗೃಹಸ್ಥನು ಹೊಸ ಮಾದರಿಯ ಫ್ರಿಜ್ಜನ್ನು ಕೊಂಡು ತಂದು, ಕೈಯಿಂದ ನೀರು ತುಂಬುವ ಕೆಲಸವೇ ಬೇಡವೆಂದು ಅದಕ್ಕೆ ನಳದಿಂದ ಕೊಳವೆಯೊಂದನ್ನು ಕೂಡಿಸಲು ಹೊರಟಾಗ, ಅದೇ ಪ್ರಶ್ನೆಯು ಅಡಿಗೆಮನೆಯ ಬಾಗಿಲಿಗೆ ಬಂದು ನಿಲ್ಲುತ್ತದೆ.

ಮೊದಲ ಆಕ್ಷೇಪವು ಮನೆಯ ಹಿರಿಯರದು: ಹರವಿಯ ತಣ್ಣೀರು ಸಾಲದೆ? ಈ ಮಾತನ್ನು ನಕ್ಕು ತಳ್ಳಿಬಿಡಲಾಗದು. ಹರವಿಯು ತಂಪಾಗುವುದು ತನ್ನದೇ ನೀರನ್ನು ಕಳೆದುಕೊಂಡು. ಒಂದು ಗ್ರಾಂ ನೀರು ಆವಿಯಾಗಿ ಹೋಗುವಾಗ ಸುಮಾರು 580 ಕ್ಯಾಲರಿ ಉಷ್ಣವನ್ನು ಒಯ್ಯುತ್ತದೆ. ಉಳಿದ ನೀರಿನ ತಂಪು ಆ ನಷ್ಟದ ಫಲವಾಗಿರುತ್ತದೆ. ಸವಣೂರಿನ ಒಣ ಬೇಸಿಗೆಯಲ್ಲಿ ಈ ವ್ಯಾಪಾರವು ಚೆನ್ನಾಗಿ ಸಾಗುವುದು. ಮಲೆನಾಡಿನ ಸೆರಗಿನಲ್ಲಿರುವ ಹಾನಗಲ್ಲಿನ ಮಳೆಗಾಲದಲ್ಲಿ, ಗಾಳಿಯೇ ತೇವವಾಗಿರುವಾಗ, ಸಾಗದು. ಫ್ರಿಜ್ಜಿನೊಳಗೂ ನಡೆಯುವುದು ಇದೇ ಬಾಷ್ಪೀಭವನವೇ. ಭೇದವೇನೆಂದರೆ ಅಲ್ಲಿ ಆವಿಯಾದ ದ್ರವವನ್ನು ವಿದ್ಯುಚ್ಛಕ್ತಿಯಿಂದ ಒತ್ತಿ ಮತ್ತೆ ದ್ರವವಾಗಿಸುತ್ತಾರೆ. ಉಷ್ಣವು ಯಂತ್ರದ ಬೆನ್ನಿನಿಂದ ಅಡಿಗೆಮನೆಗೇ ಬಂದು ಬೀಳುತ್ತದೆ. ಬೆಲೆ ಕೊಡದೆ ಬಂದ ತಂಪು ಎರಡರಲ್ಲಿಯೂ ಇಲ್ಲ.

ಆದರೆ ಹರವಿಯ ಸ್ತುತಿಯನ್ನು ಹೆಚ್ಚಾಗಿ ಮಾಡುವವರು ಅದನ್ನು ಹೊತ್ತವರಲ್ಲ. ಕೆರೆಯಿಂದ ಅಡಿಗೆಮನೆಯವರೆಗೆ ಅದು ಬಂದದ್ದು ಯಾವಳೋ ಒಬ್ಬ ಹೆಣ್ಣುಮಗಳ ನಡುವಿನ ಮೇಲೆ. ನೀರು ತಾನಾಗಿ ಮನೆಗೆ ಹರಿದು ಬಂದರೆ ಸಾತ್ವಿಕತೆಯು ಕೆಟ್ಟಿತೆಂದು ಕೊರಗುವವರು ಆ ಕೊಡವನ್ನು ಎಂಟು ದಿನ ಹೊತ್ತು ನೋಡಬೇಕು. ಹಾನಗಲ್ಲಿನ ಆನೆಕೆರೆ, ಹಿರೇಕೆರೂರಿನ ದುರ್ಗಾದೇವಿ ಕೆರೆಗಳನ್ನು ನೋಡಿದವರಿಗೆ ಕೆರೆ ಕಟ್ಟಿಸುವುದನ್ನು ಸಪ್ತಸಂತಾನಗಳಲ್ಲಿ ಏಕೆ ಎಣಿಸಿದರೆಂಬುದು ತಾನಾಗಿಯೇ ತಿಳಿಯುವುದು. ಹಾಗೆಂದು, ಸಾರ್ವಜನಿಕವೆಂಬ ನೀರು ಸರ್ವರದ್ದೂ ಆಗಿತ್ತೆಂದು ತಿಳಿಯುವುದು ಭ್ರಮೆ. ಧಾರವಾಡ ಸೀಮೆಯೂ ಆಗ ಸೇರಿದ್ದ ಮುಂಬಯಿ ಇಲಾಖೆಯ ಶಾಸನಸಭೆಯು 1923ರಲ್ಲಿಯೇ ಸಾರ್ವಜನಿಕ ನೀರಿನ ಸ್ಥಳಗಳು ಅಸ್ಪೃಶ್ಯರೆನ್ನಿಸಿಕೊಂಡವರಿಗೂ ತೆರೆದಿರಬೇಕೆಂದು ಠರಾವು ಮಾಡಿತು; ಆದರೂ ಮಹಾಡದ ಚವದಾರ ಕೆರೆಯ ನೀರನ್ನು ಕುಡಿಯಲು 1927ನೆಯ ಮಾರ್ಚ 20ರಂದು ಅಂಬೇಡಕರರು ಸಾವಿರಾರು ಜನರೊಡನೆ ಸತ್ಯಾಗ್ರಹವನ್ನೇ ಹೂಡಬೇಕಾಯಿತು. ನೆಲದಡಿಯ ಕೊಳವೆಯು ಕುಡಿಯುವವನ ಜಾತಿಯನ್ನು ಕೇಳುವುದಿಲ್ಲ. ಇದು ಅದರ ದೊಡ್ಡ ಗುಣ.

ಕೊಳವೆಯು ಇನ್ನೊಂದನ್ನೂ ಕೇಳುವುದಿಲ್ಲ, ದೋಷವಿರುವುದು ಅಲ್ಲಿಯೇ: ಹಿಂದಿನವನಿಗೆ ಉಳಿಯಿತೇ ಎಂದು. ಫ್ರಿಜ್ಜಿನ ನೀರಿನ ಕೊಳವೆಯು ಕಾಲು ಅಂಗುಲದ ಸಣ್ಣ ನಳಿಗೆ. ದಿನಕ್ಕೆ ಅದು ಕುಡಿಯುವುದು ಕೆಲವು ಲೀಟರು ಮಾತ್ರ. ಆದರೆ ಅದರ ಬಾಗಿಲು ಸರಿಯಾಗಿ ತೆರೆದು ಮುಚ್ಚಲು ನೀರಿಗೆ ಒತ್ತಡ ಬೇಕು. ತಯಾರಕರು ಸಾಮಾನ್ಯವಾಗಿ ಕೇಳುವ ಕನಿಷ್ಠ ಒತ್ತಡವು ಸುಮಾರು 14 ಮೀಟರು ಎತ್ತರದಲ್ಲಿ ನಿಂತ ನೀರಿನ ಒತ್ತಡಕ್ಕೆ ಸಮ. ಎರಡು ಅಂತಸ್ತಿನ ಮನೆಯ ಮಾಳಿಗೆಯ ಟಾಕಿಯಿಂದ ಕೆಳಗಿನ ಅಡಿಗೆಮನೆಗೆ ಅದರ ಅರ್ಧವೂ ದೊರೆಯದು. ಆಗ ಪ್ಲಂಬರನು ಹೇಳುವ ಉಪಾಯವು ಮೋಟಾರು.

ಈ ಮೋಟಾರನ್ನು ಎಲ್ಲಿ ಕೂಡಿಸಬೇಕು? ನೀತಿಯ ಪ್ರಶ್ನೆಯೆಲ್ಲ ಇಷ್ಟರಲ್ಲಿಯೇ ಇದೆ ಎಂದರೂ ಸಲ್ಲುವುದು. ತನ್ನ ತೊಟ್ಟಿಯಲ್ಲಿ ತುಂಬಿಕೊಂಡ ನೀರಿಗೆ ಮೋಟಾರು ಹಚ್ಚಿದವನು ತನ್ನ ಪಾಲನ್ನೇ ತಾನು ಎತ್ತಿಕೊಳ್ಳುತ್ತಾನೆ. ಬೀದಿಯಿಂದ ಬರುವ ನಳಕ್ಕೇ ಹಚ್ಚಿದವನು ಓಣಿಯ ನೀರನ್ನು ಹೀರುತ್ತಾನೆ. ನೀರು ದಿನ ಬಿಟ್ಟು ದಿನವೋ ಅದಕ್ಕೂ ತಡವಾಗಿಯೋ ಬರುವ ಊರಿನಲ್ಲಿ, ಬಂದ ಒಂದು ಗಳಿಗೆಯಲ್ಲಿ ಓಣಿಯ ಕೊನೆಯ ಮನೆಯ ನಳವು ಬರೀ ಗಾಳಿಯನ್ನು ಉಗುಳಿ ನಿಂತರೆ, ಅದು ಮೇಲಿನ ಮನೆಯವರ ಮೋಟಾರಿನ ಪ್ರತಾಪ. ಕೆಲವು ಲೀಟರಿನಿಂದ ಯಾರಿಗೇನು ಹಾನಿ ಎಂದು ವಾದಿಸುವರುಂಟು. ಮೋಟಾರಿಗೆ ಲೀಟರಿನ ಲೆಕ್ಕ ತಿಳಿಯದು; ತಿರುಗುವಷ್ಟು ಹೊತ್ತು ಸಿಕ್ಕುದೆಲ್ಲವನ್ನೂ ಎಳೆಯುವುದೊಂದೇ ಅದಕ್ಕೆ ಗೊತ್ತು. ಕಾನೂನಿನ ಮಾತು ಹಾಗಿರಲಿ. ಹಿಂದೆ ಕೆರೆಯ ದಂಡೆಯಲ್ಲಿ ಇನ್ನೊಬ್ಬನ ಸರದಿಯನ್ನು ಮುರಿದವನು ಹತ್ತು ಜನರ ಕಣ್ಣಿಗೆ ಬೀಳುತ್ತಿದ್ದನು, ಬೈಗಳನ್ನೂ ತಿನ್ನುತ್ತಿದ್ದನು. ಇಂದು ಗೋಡೆಯ ಮರೆಯಲ್ಲಿ ಅದನ್ನೇ ಮಾಡುವವನಿಗೆ ತಾನು ಮಾಡಿದ್ದು ತನಗೂ ಕಾಣಿಸದೆ ಹೋಗಬಹುದು.

ಆದುದರಿಂದ ವಾಚಕರಲ್ಲಿ ಯಾರಾದರೂ ಇಂಥ ಕೊಳವೆಯನ್ನು ಹಾಕಿಸುವುದಾದರೆ ಅವರನ್ನು ವಿಲಾಸಿಗಳೆಂದು ಜರೆಯಲು ಕಾರಣವಿಲ್ಲ. ಮೊದಲು ನೆಲದಲ್ಲೊಂದು ತೊಟ್ಟಿ. ಅದು ತುಂಬಿದೊಡನೆ ತಾನೇ ಮುಚ್ಚಿಕೊಳ್ಳುವ ಚೆಂಡಿನ ನಳ. ಮೋಟಾರು ಅದರ ಈಚೆಗೆ. ಇದಕ್ಕೆ ಹಣವೂ ಜಾಗವೂ ಹೆಚ್ಚು ಬೇಕು. ನೇರವಾಗಿ ಕೂಡಿಸಿದರೆ ಅಗ್ಗವಾಗುವುದೆಂದು ಪ್ಲಂಬರನು ಹೇಳದೆ ಇರಲಾರನು. ಆ ಉಳಿತಾಯದ ಹಣವು ಯಾರ ಮನೆಯ ಕೊಡದಿಂದ ಬರುವುದೆಂದು ಅವನನ್ನು ಕೇಳಿದರೆ, ಓಣಿಯ ಕೊನೆಯ ಮನೆಯನ್ನು ಅವನೇ ಬೆರಳಿಟ್ಟು ತೋರಿಸಬಲ್ಲನು. ಅಲ್ಲಿಯ ನಳವನ್ನು ಕೂಡಿಸಿದವನೂ ಬಹುಶಃ ಅವನೇ.