ಕೊಯ್ಯುವವರು ಯಾರು?

ಗರಗಸ ಹೀಗೇಕಿದೆ ಎಂದು ಅರಿಸ್ಟಾಟಲ್ ತನ್ನ ‘ಫಿಸಿಕ್ಸ್’ ಗ್ರಂಥದಲ್ಲಿ ಕೇಳಿ, ಉತ್ತರವನ್ನೂ ತಾನೇ ಕೊಡುತ್ತಾನೆ: ಅದು ಇರುವುದು ಕೊಯ್ಯುವುದಕ್ಕೆ, ಆ ಕೆಲಸ ಆಗಬೇಕೆಂದರೆ ಅದು ಕಬ್ಬಿಣದ್ದೇ ಆಗಿರಬೇಕು. ಉದ್ದೇಶವೇ ಉಪಕರಣದ ಲೋಹವನ್ನು ಗೊತ್ತುಮಾಡುತ್ತದೆ ಎಂಬುದು ಅವನ ವಾದ.

ಮರ ಕೊಯ್ಯುವವನಿಗೆ ಇಷ್ಟು ಸಾಕು. ಕಬ್ಬಿಣದಿಂದ ಕಬ್ಬಿಣವನ್ನೇ ಕೊಯ್ಯಲು ಹೊರಟವನಿಗೆ ಸಾಲದು.

ಲೋಹ ಕೊಯ್ಯುವ ಗರಗಸವಾದ ಹ್ಯಾಕ್‌ಸಾದ ಬ್ಲೇಡುಗಳಲ್ಲಿ ಇಂಚಿಗೆ 14, 18, 24, 32 ಹಲ್ಲಿನವು ಸಿಗುತ್ತವೆ. ದಪ್ಪ ಅಲ್ಯೂಮಿನಿಯಂಗೆ 14, ಸಾಮಾನ್ಯ ಎಂ.ಎಸ್. (ಮೈಲ್ಡ್ ಸ್ಟೀಲ್) ರಾಡಿಗೆ 18, ಆಂಗಲ್‌ಗೆ 24, ತೆಳು ಪೈಪಿಗೆ 32. ಕನಿಷ್ಠ ಮೂರು ಹಲ್ಲಾದರೂ ಏಕಕಾಲಕ್ಕೆ ಲೋಹದ ಮೇಲಿರಬೇಕು. ಇಲ್ಲದಿದ್ದರೆ ಅಂಚಿಗೆ ಸಿಕ್ಕಿದ ಹಲ್ಲು ಪಟ್ಟನೆ ಉದುರುತ್ತದೆ. ಒಂದು ಮಿಲಿಮೀಟರ್ ತಗಡಿಗೆ 32 ಹಲ್ಲಿನದೂ ಸಾಲದು. ಬಲ್ಲವರು ಅದನ್ನು ಎರಡು ಮರದ ಪಟ್ಟಿಗಳ ನಡುವೆ ವೈಸ್‌ನಲ್ಲಿ ಬಿಗಿದು, ಮರದ ಸಮೇತ ಕೊಯ್ಯುತ್ತಾರೆ. ಕೊಯ್ಯುವವನ ಇಚ್ಛೆಯಷ್ಟೇ ನಡೆಯುವುದಿಲ್ಲ, ಕೊಯ್ಯಿಸಿಕೊಳ್ಳುವ ತಗಡಿಗೂ ಇಲ್ಲಿ ಒಂದು ಮಾತಿದೆ.

ಹಾಗಾದರೆ ಕರ್ತೃ ಯಾರು? ಬ್ರಹ್ಮಸೂತ್ರದ ಎರಡನೆಯ ಅಧ್ಯಾಯದಲ್ಲಿ ಈ ಪ್ರಶ್ನೆಗೆ ಒಬ್ಬ ಬಡಗಿ ದೃಷ್ಟಾಂತವಾಗಿ ಬರುತ್ತಾನೆ. ಶಂಕರರ ಭಾಷ್ಯದಲ್ಲಿ ಅವನು ಬಾಚಿ ಹಿಡಿದಿರುವವರೆಗೆ ಕರ್ತೃ, ದುಃಖಿ. ಮನೆಗೆ ಬಂದು ಉಪಕರಣ ಇಳಿಸಿದ ಮೇಲೆ ಸುಖಿ. ಆತ್ಮನ ಕರ್ತೃತ್ವವೂ ಹೀಗೆ ಉಪಾಧಿಯಿಂದ ಬಂದದ್ದು. ಉಡುಪಿಯ ಮಧ್ವರು ಅದೇ ಬಡಗಿಯಲ್ಲಿ ಬೇರೊಂದನ್ನು ಕಂಡರು: ಕೆಲಸ ಮಾಡಿಸುವವನ ಅಧೀನದಲ್ಲಿದ್ದರೂ ಮಾಡುವವನು ಬಡಗಿಯೇ. ಜೀವ ಭಗವಂತನ ಅಧೀನ, ಆದರೂ ಕರ್ತೃವೇ.

ವೈಸ್‌ನ ಮುಂದೆ ನಿಂತಾಗ ಮಧ್ವರ ಬಡಗಿಯೇ ಹೆಚ್ಚು ನಿಜವೆನಿಸುತ್ತಾನೆ. ಲೋಹದ ದಪ್ಪ, ಬ್ಲೇಡಿನ ಗಡಸು ಇವು ಕೊಯ್ಯುವವನ ಕೈಯಲ್ಲಿಲ್ಲ. ಮುಂದಕ್ಕೆ ಒತ್ತುವುದು, ಹಿಂದಕ್ಕೆ ಹಗುರಾಗಿ ಎಳೆಯುವುದು, ನಿಮಿಷಕ್ಕೆ ನಲವತ್ತು ಐವತ್ತು ಸಲ ಮೀರದಿರುವುದು ಅವನದೇ. ಅವಸರಪಟ್ಟರೆ ಹಲ್ಲು ಬಿಸಿಯಾಗಿ ಮೊಂಡಾಗುತ್ತದೆ. ಆಗ ಬ್ಲೇಡನ್ನು ಬೈದು ಏನು ಬಂತು?

ಅರ್ಧ ಕೊಯ್ದಾಗ ಬ್ಲೇಡ್ ಮುರಿದರೆ ಇನ್ನೊಂದು ತೊಡಕು. ಸವೆದ ಹಲ್ಲು ಮಾಡಿದ ಸೀಳು ಕಿರಿದಾಗಿರುತ್ತದೆ, ಹೊಸದನ್ನು ಅದರಲ್ಲೇ ತೂರಿಸಿದರೆ ಸಿಕ್ಕಿಕೊಂಡು ಅದೂ ಮುರಿಯುತ್ತದೆ. ರಾಡನ್ನು ತಿರುಗಿಸಿ ಇನ್ನೊಂದು ಕಡೆಯಿಂದ ಶುರುಮಾಡಬೇಕು. (ಕರ್ಮಸಿದ್ಧಾಂತ ಬೋಧಿಸುವವರು ಒಮ್ಮೆ ನೋಡಬೇಕಾದ ಕೆಲಸವಿದು.)

ಆಯುಧಪೂಜೆಯಂದು ಹ್ಯಾಕ್‌ಸಾಗೂ ಅರಿಶಿನ ಕುಂಕುಮ ಬೀಳುತ್ತದೆ. ಅಂದು ಅದಕ್ಕೂ, ಶಂಕರರ ಬಡಗಿಗೂ ಬಿಡುವು. ಪೂಜೆಗಿಡುವ ಮುನ್ನ ಹಲ್ಲುದುರಿದ ಬ್ಲೇಡ್ ತೆಗೆದು, ಹೊಸದನ್ನು ಹಲ್ಲಿನ ಮೊನೆ ಮುಂದಕ್ಕಿರುವಂತೆ ಬಿಗಿದಿಡಿ. ಹಬ್ಬ ಮುಗಿಸಿ ಬರುವವರಿಗೆ ಕೆಲಸ ಸಲೀಸಾಗುತ್ತದೆ.