ಮೃತರ ಓಲೆಗಳನ್ನು ಓದಬಹುದೆ?

ಪರರ ಪತ್ರವನ್ನು ಒಡೆದು ಓದಬಾರದೆಂಬುದನ್ನು ನಾವು ಮಕ್ಕಳಿಗೆ ಅಕ್ಷರಾಭ್ಯಾಸದ ಬೆನ್ನಿಗೇ ಕಲಿಸುವೆವು. ನಾನು ಉಪಾಧ್ಯಾಯನಾಗಿದ್ದ ಕಾಲದಲ್ಲಿ ಈ ಒಂದು ತಪ್ಪಿಗಾಗಿ ಹುಡುಗರನ್ನು ಬೆಂಚಿನ ಮೇಲೆ ನಿಲ್ಲಿಸಿದ್ದುಂಟು. ಅಂತಹ ನಾನು ಈಚೆಗೆ ಕೆಲವು ತಿಂಗಳಿಂದ, ಪ್ರಾಚೀನ ಈಜಿಪ್ತ ದೇಶದ ಗೃಹಸ್ಥರು ತಮ್ಮ ಹೆಂಡಿರು ಮಕ್ಕಳಿಗೆ ಬರೆದ ಕಾಗದಗಳ ಇಂಗ್ಲಿಷ್ ಭಾಷಾಂತರಗಳನ್ನು ನಿದ್ರೆಗೆಟ್ಟು ಓದುತ್ತಿರುವೆನು. ಇದು ದೋಷವಲ್ಲವೆ? ದೋಷವಾದರೆ ಎರಡು ಸಾವಿರ ವರ್ಷಗಳ ಅಂತರವು ಅದನ್ನು ತೊಳೆದೀತೆ? ಈ ಪ್ರಶ್ನೆಯು ನನಗೆ ಬರಿಯ ವಾದವಿನೋದವಲ್ಲ. ಅದರ ಕಾರಣವನ್ನು ಮುಂದೆ ಹೇಳುವೆನು.

ನೈಲ್ ನದಿಯ ಜವುಗಿನಲ್ಲಿ ಬೆಳೆಯುತ್ತಿದ್ದ ಪಪೈರಸ್ ಎಂಬ ಜೊಂಡಿನ ತಿರುಳನ್ನು ಸೀಳಿ, ಉದ್ದಕ್ಕೊಂದು ಅಡ್ಡಕ್ಕೊಂದು ಪದರವಾಗಿ ಹಾಸಿ, ಒತ್ತಿ ಒಣಗಿಸಿದರೆ ಬರೆಯುವ ಹಾಳೆಯಾಗುವುದು. ನಮ್ಮ ತಾಳೆಯೋಲೆಯಂತೆ ಅದಕ್ಕೂ ತೇವವೇ ಶತ್ರುವು. ಮಳೆ ಕಾಣದ ಮರಳಿನಲ್ಲಿಯಾದರೋ ಅದು ಯುಗಗಳನ್ನು ಕಳೆಯಬಲ್ಲುದು. 1896-97ರ ಚಳಿಗಾಲದಲ್ಲಿ ಗ್ರೆನ್‌ಫೆಲ್ ಮತ್ತು ಹಂಟ್ ಎಂಬ ಆಕ್ಸ್‌ಫರ್ಡಿನ ಇಬ್ಬರು ತರುಣ ವಿದ್ವಾಂಸರು ಆಕ್ಸಿರಿಂಕಸ್ ಎಂಬ ಹಾಳೂರಿನ ಕಸದ ತಿಪ್ಪೆಗಳನ್ನು ಅಗೆಯಿಸಿದರು. ಅಂದು ತೊಡಗಿದ ಪ್ರಕಟಣೆಯು ಎಂಬತ್ತಕ್ಕೂ ಮಿಕ್ಕ ಸಂಪುಟಗಳಾಗಿಯೂ ಮುಗಿದಿಲ್ಲ. ಕನ್ನಡಿಗರಿಗೆ ಈ ಊರಿನ ಹೆಸರು ಹೊಸದಲ್ಲ. ಅಲ್ಲಿ ದೊರೆತ ಗ್ರೀಕ್ ಪ್ರಹಸನವೊಂದರಲ್ಲಿ ಬರುವ ವಿದೇಶೀಯರ ಮಾತು ಕನ್ನಡವಿರಬಹುದೆಂದು 1904ರಲ್ಲಿ ಹುಲ್ಟ್ಶ್ ಪಂಡಿತರು ಸೂಚಿಸಿದಂದಿನಿಂದ ನಡೆದ ವಾದವನ್ನು ಅನೇಕರು ಬಲ್ಲರು. ನನ್ನ ವಿಷಯವು ಆ ಪ್ರಹಸನವಲ್ಲ. ಅದರ ನೆರೆಯಲ್ಲಿ ಬಿದ್ದಿದ್ದ ಕಾಗದಗಳು.

ಒಂದರಲ್ಲಿ ತಿಯೋನ್ ಎಂಬ ಹುಡುಗನು, ತನ್ನನ್ನು ಬಿಟ್ಟು ಪಟ್ಟಣಕ್ಕೆ ಹೋದ ತಂದೆಯ ಮೇಲೆ ಮುನಿದಿರುವನು. ಅಲೆಕ್ಸಾಂಡ್ರಿಯಾಕ್ಕೆ ಕರೆದೊಯ್ಯದಿದ್ದರೆ ಮಾತಿಲ್ಲ, ಕಾಗದವಿಲ್ಲ, ಊಟವಿಲ್ಲ, ನೀರಿಲ್ಲ. ನಡುವೆ ತಂತಿವಾದ್ಯವೊಂದನ್ನು ಕಳುಹಿಸೆಂಬ ಬೇಡಿಕೆಯೂ ಉಂಟು. ಮೂಲದ ಕಾಗುಣಿತವು ತಪ್ಪುಗಳ ಸಂತೆಯೆನ್ನುವರು. ಇದನ್ನೋದಿ ನಗದ ಉಪಾಧ್ಯಾಯನಿಲ್ಲ. ಆ ಹುಡುಗನು ಇದ್ದಿದ್ದರೆ ನಾಚಿ ಕಾಗದವನ್ನು ಕಸಿದುಕೊಳ್ಳುತ್ತಿದ್ದನೇನೋ.

ಇನ್ನೊಂದು ಕ್ರಿಸ್ತಪೂರ್ವ 1ನೆಯ ವರ್ಷದ್ದು. ದುಡಿಮೆಗೆಂದು ಅಲೆಕ್ಸಾಂಡ್ರಿಯಾದಲ್ಲಿದ್ದ ಹಿಲರಿಯೋನನು ಬಸುರಿಯಾದ ತನ್ನ ಪತ್ನಿ ಆಲಿಸಳಿಗೆ ಬರೆದಿರುವನು. ಉಳಿದವರು ಊರಿಗೆ ಮರಳಿ ತಾನು ನಿಂತರೂ ಚಿಂತಿಸಬಾರದು, ಮಗುವನ್ನು ನೋಡಿಕೊಳ್ಳಬೇಕು, ಸಂಬಳ ಬಂದೊಡನೆ ಹಣ ಕಳುಹಿಸುವನು, ಹೆತ್ತ ಕೂಸು ಗಂಡಾದರೆ ಇರಲಿ, ಹೆಣ್ಣಾದರೆ ಹೊರಗೆ ಹಾಕಿಬಿಡಬೇಕು, ತನ್ನನ್ನು ಮರೆಯಬೇಡವೆಂದು ಆಕೆ ಹೇಳಿ ಕಳುಹಿಸಿದ್ದಳಂತೆ, ಅವಳನ್ನು ಮರೆಯುವುದುಂಟೆ? ಇದಿಷ್ಟೂ ಒಂದೇ ಉಸಿರಿನಲ್ಲಿ. ಅಕ್ಕರೆಯ ಎರಡು ಮಾತುಗಳ ನಡುವೆ ಆ ಘೋರವಾದ ಮಾತು, ಗಾದಿಯೊಳಗಣ ಸೂಜಿಯಂತೆ. ನಾನು ಪುಸ್ತಕವನ್ನು ಮುಚ್ಚಿ ಅಂಗಳಕ್ಕೆ ಹೋದೆನು. ನನಗೆ ಒಬ್ಬಳೇ ಮಗಳು.

ಸತ್ತವರಿಗೆ ಮಾನಾಪಮಾನಗಳಿಲ್ಲವಾದ್ದರಿಂದ ಓದುವುದರಲ್ಲಿ ದೋಷವಿಲ್ಲವೆಂದು ಕೆಲವರು ಸಮಾಧಾನ ಹೇಳುವರು. ವರ್ಷಕ್ಕೊಮ್ಮೆ ಪಿತೃಗಳಿಗೆ ಪಿಂಡವಿಡುವ ನಾವು ಈ ಮಾತನ್ನು ಆಡಲಾರೆವು. ಜ್ಞಾನಲಾಭವಾಗುವುದೆಂಬುದು ನಿಜ, ಆದರೆ ಲಾಭವಾಯಿತೆಂದ ಮಾತ್ರಕ್ಕೆ ಕೆಲಸವು ನ್ಯಾಯವಾಗದು. ಒಡೆಯರೇ ತಿಪ್ಪೆಗೆ ಬಿಸುಟಿದ್ದರಲ್ಲವೆ ಎಂಬ ವಾದಕ್ಕೆ ಕೊಂಚ ಬಲವುಂಟು. ಅದೂ ಎಲ್ಲ ಕಡೆಗೂ ಸಲ್ಲದು. 1921-22ರಲ್ಲಿ ವಿನ್‌ಲಾಕ್ ಎಂಬವರ ತಂಡವು ಥೀಬ್ಸಿನ ಗೋರಿಯೊಂದರಲ್ಲಿ ಹೆಕನಖ್ತನೆಂಬ ಯಜಮಾನನ ಪತ್ರಗಳನ್ನು ಕಂಡಿತು. ಅವು ಸುಮಾರು ನಾಲ್ಕು ಸಾವಿರ ವರ್ಷ ಹಳೆಯವು. ಮನೆಮಂದಿಗೆ ಧಾನ್ಯದ ಅಳತೆ, ಬರಗಾಲದ ಭಯ, ತನ್ನ ಕಿರಿಯ ಪತ್ನಿಗೆ ಸಲ್ಲಬೇಕಾದ ಮರ್ಯಾದೆ, ಇವೇ ವಿಷಯಗಳು. ಧಾನ್ಯದ ಬಾಕಿಯನ್ನು ಕುರಿತು ಗೃಹಸ್ಥನೊಬ್ಬನಿಗೆ ಬರೆದ ಓಲೆಯು ಮಾತ್ರ ಮಡಿಸಿ ಮುದ್ರೆಯೊತ್ತಿದಂತೆಯೇ ಇತ್ತು. ತಲುಪಬೇಕಾದವನು ಅದನ್ನು ಓದಲೇ ಇಲ್ಲ. ಮೊದಲು ಓದಿದವರು ನಮ್ಮ ಕಾಲದವರು! ಈಗಲಂತೂ ಮಡಿಕೆಯನ್ನು ಬಿಚ್ಚದೆಯೇ ಕ್ಷಕಿರಣದಿಂದ ಒಳಗಣ ಅಕ್ಷರವನ್ನು ಕಾಣುವ ವಿದ್ಯೆಯೂ ಬಂದಿದೆ.

ಪರರ ಪತ್ರವನ್ನೋದುವುದರಲ್ಲಿ ದೋಷವಾವುದೆಂದು ವಿಚಾರಿಸಿದರೆ, ಬರೆದವನು ಕೊಡದ ಅಧಿಕಾರವನ್ನು ನಾವು ಅವನ ಮೇಲೆ ಪಡೆಯುವೆವೆಂಬುದೇ ಎಂದು ನನಗೆ ತೋರುತ್ತದೆ. ಬದುಕಿರುವವನು ಎದುರಾಡಿಯಾನು, ಹಿಲರಿಯೋನನಿಗೆ ಆ ಅವಕಾಶವಿಲ್ಲ. ಲೋಕವು ಅವನನ್ನು ಆ ಒಂದು ಪಂಕ್ತಿಯಿಂದಲೇ ಅರಿಯುವುದು. ಅವನನ್ನು ಕ್ಷಮಿಸೆಂದು ನಾನು ಹೇಳುತ್ತಿಲ್ಲ; ನಾನು ಕ್ಷಮಿಸಲಾರೆನು. ಆದರೆ ಆಲಿಸಳು ಏನು ಬರೆದಳು, ಕೂಸು ಗಂಡೋ ಹೆಣ್ಣೋ, ಅವಳು ಗಂಡನ ಮಾತನ್ನು ನಡೆಸಿದಳೋ ಇಲ್ಲವೋ, ಇವನ್ನು ನಮ್ಮ ಕಲ್ಪನೆಯಿಂದ ತುಂಬಿ ತೀರ್ಪು ಬರೆಯತೊಡಗಿದರೆ ಕಳ್ಳತನದ ಮೇಲೆ ಸುಳ್ಳುಸಾಕ್ಷಿಯೂ ಸೇರಿದಂತಾಗುವುದು.

ಈ ವಿಷಯದಲ್ಲಿ ಪಪೈರಸ್ ಪಂಡಿತರ ನಡತೆಯು ನನ್ನನ್ನು ತಲೆಬಾಗಿಸಿದೆ. 1931ರಲ್ಲಿ ಲೈಡನ್ ನಗರದಲ್ಲಿ ಸೇರಿದ ವಿದ್ವಾಂಸರು ಕೆಲವು ಚಿಹ್ನೆಗಳನ್ನು ಒಪ್ಪಿಕೊಂಡರು. ಹಾಳೆ ಹರಿದು ಹೋದ ಭಾಗವನ್ನು ಚೌಕ ಕಂಸದೊಳಗಿಡಬೇಕು. ಅಕ್ಷರವು ಸಂದಿಗ್ಧವಾದರೆ ಅದರ ಕೆಳಗೆ ಚುಕ್ಕೆಯಿಡಬೇಕು. ಇದು ಅವನ ಮಾತು, ಇದು ನನ್ನ ಊಹೆ ಎಂದು ಓದುಗನಿಗೆ ಪ್ರತಿ ಪಂಕ್ತಿಯಲ್ಲಿಯೂ ಒಪ್ಪಿಸಿದಂತಾಯಿತು. ನಮ್ಮಲ್ಲಿ ಓಲೆಪ್ರತಿಗಳನ್ನು ಅಚ್ಚಿಗೆ ಕೊಡುವಾಗ ತ್ರುಟಿತವಾದುದನ್ನು ತಾವೇ ಪೂರಣಮಾಡಿ ಸುಮ್ಮನಿದ್ದವರನ್ನು ಬಲ್ಲೆನು. ಪಾಠಶಾಲೆಯ ದಿನಗಳಲ್ಲಿ ನಾನೂ ಒಂದು ಸ್ತೋತ್ರದ ಅಳಿದ ಪಾದವನ್ನು ಹಾಗೆ ತುಂಬಿ, ಗುರುಗಳ ಮೆಚ್ಚಿಕೆಯನ್ನೂ ಪಡೆದೆನು. ಇಂದಿಗೂ ಅದು ಕವಿಯ ಮಾತೆಂದೇ ಎಲ್ಲಿಯೋ ಪಠಿತವಾಗುತ್ತಿರಬಹುದು.

ಇನ್ನು ನನ್ನ ಕಾರಣ. ಕಳೆದ ವರ್ಷ ಮಾವನವರ ಮನೆಯನ್ನು ಮಾರಿದಾಗ, ದಿವಂಗತಳಾದ ನನ್ನ ಪತ್ನಿಯು ಮದುವೆಯಾದ ಹೊಸದರಲ್ಲಿ ತನ್ನ ತಾಯಿಗೆ ಬರೆದ ಕಾಗದಗಳ ಕಟ್ಟು ನನ್ನ ಕೈಸೇರಿತು. ಸುಡಬೇಕೆಂದೆಣಿಸಿದೆನು, ಸುಡಲಾರದೆ ಹೋದೆನು. ಓದಲು ಅಧಿಕಾರವಿಲ್ಲವೆಂದು ದಾರವನ್ನು ಬಿಚ್ಚದೆ ಇಟ್ಟಿದ್ದೆನು. ಅವುಗಳಲ್ಲಿ ನನ್ನ ಮೇಲಣ ದೂರುಗಳಿರಬಹುದೆಂಬ ಅಂಜಿಕೆಯೂ ಈ ಧರ್ಮವಿಚಾರದಲ್ಲಿ ಬೆರೆತಿತ್ತೆಂದು ಒಪ್ಪಿಕೊಳ್ಳಬೇಕು. ಆಗ ನಾನು ಎಳೆಯ ಗರ್ವಿ. ಆಕೆಗೆ ದೂರಲು ಬೇಕಾದಷ್ಟಿತ್ತು. ಹಿಲರಿಯೋನನ ಕಾಗದವನ್ನೋದಿದ ಮರುವಾರ ಮಗಳು ಊರಿಗೆ ಬಂದಾಗ ಕಟ್ಟನ್ನು ಅವಳ ಕೈಯಲ್ಲಿಟ್ಟೆನು. “ಓದುವುದಾದರೆ ಮೊದಲಿನಿಂದ ಕಡೆಯವರೆಗೂ ಓದಮ್ಮ, ನಡುವಣ ಒಂದನ್ನು ಹಿಡಿದು ನಿಲ್ಲಬೇಡ” ಎಂದೆನು. “ಆಗಲಿ ಅಪ್ಪ” ಎಂದು ಅದನ್ನು ಪೆಟ್ಟಿಗೆಯಲ್ಲಿ ಸೀರೆಗಳ ಕೆಳಗಿಟ್ಟುಕೊಂಡಳು. ಆಮೇಲೆ ಎರಡು ಸಲ ಬಂದು ಹೋದಳು. ಓದಿದೆಯಾ ಎಂದು ನಾನು ಕೇಳಲಿಲ್ಲ, ಅವಳೂ ಹೇಳಲಿಲ್ಲ.